ಪಾಸ್ಟರನ ಅಂಗಿ ತೊಟ್ಟ ಕೈದಿ



ಧರ್ಮಕೇಂದ್ರಕ್ಕೆ ಹೊಸ ಗುರುಗಳು ಬರುವ ದಿನದ ಸಡಗರ ನಿಮಗೆಲ್ಲ ಗೊತ್ತೇ ಇದೆ. ಗುರಿಕಾರರು ಹೂಹಾರ ಹಿಡಿದು ಇಗರ್ಜಿಯ ಮುಂದೆ ನಿಂತಿರುತ್ತಾರೆ. ಗಾಯನ ವೃಂದದ ಮಕ್ಕಳು ಗಂಟಲು ಸರಿಮಾಡಿಕೊಳ್ಳುತ್ತಾರೆ. ಕಾರಿನ ಬಾಗಿಲು ತೆರೆದು ಬಿಳಿ ನಿಲುವಂಗಿಯವರೊಬ್ಬರು ಇಳಿದರೆ ಸಾಕು, ಚಪ್ಪಾಳೆ ಶುರುವಾಗುತ್ತದೆ. “ನೀವೇ ಆ ಗುರುಗಳು ಎನ್ನುವುದಕ್ಕೆ ಏನು ಗುರುತು?” ಎಂದು ಕೇಳುವವರು ಯಾರೂ ಇಲ್ಲ. ಅಂಗಿಯೇ ಗುರುತು.

ಆ ಅಂಗಿಯೊಳಗೆ ಇರುವವನು ಸೆರೆಮನೆಯಿಂದ ತಪ್ಪಿಸಿಕೊಂಡು ಬಂದ ಕೈದಿಯಾಗಿದ್ದರೆ?

ಈ ಪ್ರಶ್ನೆಯನ್ನು ನೂರು ವರ್ಷಗಳ ಹಿಂದೆಯೇ ಒಬ್ಬರು ಕೇಳಿ, ಇಡೀ ಜಗತ್ತನ್ನು ಹೊಟ್ಟೆ ಹುಣ್ಣಾಗುವಂತೆ ನಗಿಸಿದ್ದಾರೆ. ಅವರು ಚಾರ್ಲಿ ಚಾಪ್ಲಿನ್. ಚಿತ್ರದ ಹೆಸರು ‘ದಿ ಪಿಲ್‌ಗ್ರಿಮ್’, ಅಂದರೆ ಯಾತ್ರಿಕ. 1923ರ ಫೆಬ್ರವರಿಯಲ್ಲಿ ತೆರೆಕಂಡ ನಾಲ್ಕು ರೀಲುಗಳ ಪುಟ್ಟ ಮೂಕಿ ಚಿತ್ರ ಇದು. ನೋಡಿ ಮುಗಿಸಲು ಮುಕ್ಕಾಲು ಗಂಟೆ ಸಾಕು. ಈ ತಿಂಗಳು ಆ ನಗುವಿನ ಚಿತ್ರವನ್ನು ಸ್ವಲ್ಪ ನಿಧಾನವಾಗಿ ನೋಡೋಣ.

ಗುರುತು ತಪ್ಪುವ ಆಟ

ಒಬ್ಬನನ್ನು ಇನ್ನೊಬ್ಬನೆಂದು ತಿಳಿದು ಮೋಸಹೋಗುವುದು ಹಾಸ್ಯದಲ್ಲಿ ಬಹಳ ಹಳೆಯ ಉಪಾಯ. ಚಾಪ್ಲಿನ್ನರಿಗೆ ಅದು ಅತ್ಯಂತ ಪ್ರಿಯವಾದದ್ದು. 1921ರ ‘ದಿ ಐಡಲ್ ಕ್ಲಾಸ್’ ಎಂಬ ಎರಡು ರೀಲುಗಳ ಚಿತ್ರದಲ್ಲಿ ಒಬ್ಬ ಅಲೆಮಾರಿಯನ್ನು ಶ್ರೀಮಂತ ಮಹಿಳೆಯೊಬ್ಬಳು ತನ್ನ ಗಂಡನೆಂದೇ ತಿಳಿಯುತ್ತಾಳೆ. ಎರಡೂ ಪಾತ್ರಗಳನ್ನು ಮಾಡಿದವರು ಚಾಪ್ಲಿನ್ನರೇ. 1931ರ ‘ಸಿಟಿ ಲೈಟ್ಸ್’ನಲ್ಲಿ ಕಣ್ಣು ಕಾಣದ ಹೂಮಾರುವ ಹುಡುಗಿ ಬಡ ಅಲೆಮಾರಿಯನ್ನು ಲಕ್ಷಾಧೀಶನೆಂದು ನಂಬುತ್ತಾಳೆ. 1940ರ ‘ದಿ ಗ್ರೇಟ್ ಡಿಕ್ಟೇಟರ್’ನಲ್ಲಿ ಯೆಹೂದಿ ಕ್ಷೌರಿಕನೊಬ್ಬನನ್ನು ಸೈನಿಕರು ಸರ್ವಾಧಿಕಾರಿಯೆಂದು ತಿಳಿದು ವೇದಿಕೆ ಹತ್ತಿಸುತ್ತಾರೆ.

ಮತ್ತೆ ಮತ್ತೆ ಇದೇ ಕಥೆ ಏಕೆ? ಅವರ ಬಾಲ್ಯವನ್ನು ನೋಡಿದರೆ ಸ್ವಲ್ಪ ಅರ್ಥವಾಗುತ್ತದೆ. 1889ರ ಏಪ್ರಿಲ್ 16ರಂದು ಜನಿಸಿದ ಚಾಪ್ಲಿನ್ ಲಂಡನ್ನಿನ ಬಡ ಬೀದಿಗಳಲ್ಲಿ ಬೆಳೆದರು. ಏಳು ವರ್ಷದವರಿರುವಾಗ ತಾಯಿ ಹಾಗೂ ಅಣ್ಣನೊಂದಿಗೆ ಬಡವರ ಆಶ್ರಯಾಲಯ ಸೇರಬೇಕಾಯಿತು. ಅಲ್ಲಿಂದ ಅನಾಥ ಹಾಗೂ ನಿರ್ಗತಿಕ ಮಕ್ಕಳ ಶಾಲೆಗೆ ಕಳುಹಿಸಿದರು. ಹರಿದ ಬಟ್ಟೆಯ ಹುಡುಗನನ್ನು ಊರು ಹೇಗೆ ನೋಡುತ್ತದೆ, ಒಳ್ಳೆಯ ಕೋಟು ತೊಟ್ಟವನನ್ನು ಹೇಗೆ ನೋಡುತ್ತದೆ ಎಂಬುದನ್ನು ಅವರು ಯಾವ ಪುಸ್ತಕದಿಂದಲೂ ಕಲಿಯಬೇಕಾಗಿರಲಿಲ್ಲ. 1914ರಲ್ಲಿ ಅವರು ಸೃಷ್ಟಿಸಿದ ಅಲೆಮಾರಿಯ ವೇಷವನ್ನೇ ನೋಡಿ: ಕಾಲಿನ ಬೂಟು ಭಿಕ್ಷುಕನದು, ತಲೆಯ ಟೊಪ್ಪಿ ಮತ್ತು ಕೈಯ ಬೆತ್ತ ದೊಡ್ಡಮನುಷ್ಯನವು. ಇವನನ್ನು ಯಾವ ಸಾಲಿನಲ್ಲಿ ಕೂರಿಸಬೇಕೆಂದೇ ನೋಡಿದವರಿಗೆ ತಿಳಿಯುವುದಿಲ್ಲ.

ಹಳೆಯ ಅಭ್ಯಾಸ ಬಿಡದು

ಚಿತ್ರದ ಆರಂಭದಲ್ಲಿ ಸೆರೆಮನೆಯ ಕಾವಲುಗಾರನೊಬ್ಬ ಗೋಡೆಗೆ ಕಾಗದವೊಂದನ್ನು ಅಂಟಿಸುತ್ತಾನೆ. ಓಡಿಹೋದ ಕೈದಿಯ ಚಿತ್ರ, ಹಿಡಿದುಕೊಟ್ಟವರಿಗೆ ಬಹುಮಾನ. ಇನ್ನೊಂದೆಡೆ ನದಿಯಲ್ಲಿ ಸ್ನಾನ ಮಾಡಿ ಮೇಲೆ ಬಂದ ಪಾಸ್ಟರನೊಬ್ಬ ದಡದಲ್ಲಿಟ್ಟ ತನ್ನ ಬಟ್ಟೆ ಹುಡುಕಿದರೆ ಅಲ್ಲಿರುವುದು ಪಟ್ಟೆಪಟ್ಟೆಯ ಕೈದಿಯ ಸಮವಸ್ತ್ರ! ಮುಂದಿನ ದೃಶ್ಯದಲ್ಲಿ ರೈಲು ನಿಲ್ದಾಣಕ್ಕೆ ಕಪ್ಪು ಕೋಟಿನ, ದುಂಡು ಕಾಲರಿನ ‘ಪಾಸ್ಟರ್’ ಚಾರ್ಲಿ ಬರುತ್ತಾನೆ.

ಇಲ್ಲಿಂದ ನಗು ಶುರು. ಮನೆಬಿಟ್ಟು ಓಡಿಬಂದ ಪ್ರೇಮಿಗಳಿಬ್ಬರು, ಪಾಸ್ಟರ್ ಸಿಕ್ಕಿದನಲ್ಲ ಎಂದು ಮದುವೆ ಮಾಡಿಸಿಕೊಳ್ಳಲು ಅವನ ಹಿಂದೆ ಓಡುತ್ತಾರೆ. ತನ್ನನ್ನು ಹಿಡಿಯಲು ಬಂದರೆಂದು ಅವನು ಮುಂದೆ ಮುಂದೆ ಓಡುತ್ತಾನೆ! ಟಿಕೆಟಿನ ಕಿಟಕಿಗೆ ಬಂದಾಗ ಅಲ್ಲಿನ ಕಬ್ಬಿಣದ ಸರಳುಗಳನ್ನು ಎರಡೂ ಕೈಗಳಿಂದ ಹಿಡಿದು ನಿಲ್ಲುತ್ತಾನೆ. ಜೈಲಿನ ಕೋಣೆಯಲ್ಲಿ ನಿಂತು ನಿಂತು ಬಂದ ಅಭ್ಯಾಸ. ಟಿಕೆಟು ಕೈಯಲ್ಲಿದ್ದರೂ ರೈಲು ಬಂದಾಗ ಕಳ್ಳಪ್ರಯಾಣಿಕನಂತೆ ಗಾಡಿಯ ಅಡಿಗೆ ನುಸುಳಲು ಹೊರಡುತ್ತಾನೆ. ಬೋಗಿಯಲ್ಲಿ ಕುಳಿತರೆ ಪಕ್ಕದವನ ಕೈಯಲ್ಲಿ ಪತ್ರಿಕೆ, ಪತ್ರಿಕೆಯಲ್ಲಿ ತನ್ನದೇ ಸುದ್ದಿ!

ಅಂಗಿ ಬದಲಾದದ್ದು ಒಂದು ನಿಮಿಷದಲ್ಲಿ. ಅದರೊಳಗಿನ ಕೈ, ಕಾಲು, ಹೆದರಿಕೆ ಯಾವುದೂ ಇನ್ನೂ ಬದಲಾಗಿಲ್ಲ. ಇದನ್ನು ಹೇಳಲು ಚಾಪ್ಲಿನ್ನರಿಗೆ ಒಂದು ಮಾತೂ ಬೇಕಾಗಲಿಲ್ಲ, ಸರಳು ಹಿಡಿದ ಎರಡು ಕೈ ಸಾಕಾದವು. ಸೆರೆಮನೆಯಿಂದ ಬಿಡುಗಡೆಯಾಗಿ ಬಂದವರ ಬಳಿ ಕುಳಿತು ಮಾತನಾಡಿದವರಿಗೆ ಈ ದೃಶ್ಯದಲ್ಲಿ ನಗುವಿನ ಜೊತೆ ಬೇರೇನೋ ಕಾಣುತ್ತದೆ. ಬಾಗಿಲು ತೆರೆದು ಹೊರಗೆ ಬಂದ ಮೇಲೂ ಮನುಷ್ಯ ಬಹುಕಾಲ ಒಳಗೇ ಇರುತ್ತಾನೆ.

ಕೋಳಕ್ಕೆ ಚಾಚಿದ ಕೈ

ರೈಲು ಟೆಕ್ಸಾಸ್ ಸೀಮೆಯ ‘ಡೆವಿಲ್ಸ್ ಗಲ್ಚ್’ ಎಂಬ ಊರಿನಲ್ಲಿ ನಿಲ್ಲುತ್ತದೆ. ಸೈತಾನನ ಕಮರಿ ಎಂದು ಅದರ ಅರ್ಥ. ಆ ಊರಿನ ಸಭೆ ಅದೇ ದಿನ ತಮ್ಮ ಹೊಸ ಪಾಸ್ಟರನಿಗಾಗಿ ನಿಲ್ದಾಣದಲ್ಲಿ ಕಾಯುತ್ತಿದೆ. ಅವರ ನಡುವೆ ಊರಿನ ಶೆರಿಫ್, ಅಂದರೆ ಪೊಲೀಸ್ ಮುಖ್ಯಸ್ಥ. ಎದೆಯ ಮೇಲಿನ ನಕ್ಷತ್ರದ ಬಿಲ್ಲೆ ಕಂಡದ್ದೇ ತಡ, ಚಾರ್ಲಿ ಎರಡೂ ಕೈಗಳನ್ನು ಜೋಡಿಸಿ ಕೋಳ ಹಾಕಿಸಿಕೊಳ್ಳಲು ಮುಂದೆ ಚಾಚುತ್ತಾನೆ. ಶೆರಿಫನೋ ಆ ಕೈ ಹಿಡಿದು ಆದರದಿಂದ ಕುಲುಕುತ್ತಾನೆ!

ನೂರು ವರ್ಷದಿಂದ ಜನ ಈ ದೃಶ್ಯಕ್ಕೆ ನಗುತ್ತಿದ್ದಾರೆ. ನಗುತ್ತಲೇ ಒಂದು ಮಾತು ಗಮನಿಸಬೇಕು. ಇಡೀ ಚಿತ್ರದಲ್ಲಿ ಅವನ ಕೈಯನ್ನು ಯಾರಾದರೂ ಗೌರವದಿಂದ ಹಿಡಿದದ್ದು ಇದೇ ಮೊದಲ ಸಲ. ಶಿಕ್ಷೆ ನಿರೀಕ್ಷಿಸಿದ್ದವನಿಗೆ ಸ್ವಾಗತ ಸಿಕ್ಕಿತು. ಅದು ತಪ್ಪು ತಿಳಿವಳಿಕೆಯಿಂದ ಸಿಕ್ಕಿದ್ದು ನಿಜ. ಆದರೂ ಸ್ವಾಗತ ಸ್ವಾಗತವೇ. ಅಲ್ಲಿಂದ ಮುಂದೆ ಅವನೊಳಗೆ ಏನೋ ನಿಧಾನವಾಗಿ ಕದಲುತ್ತದೆ.

ಅಷ್ಟರಲ್ಲಿ ತಂತಿ ಬರುತ್ತದೆ: ನಿಜವಾದ ಪಾಸ್ಟರ್ ಬರುವುದು ತಡವಾಗುತ್ತದೆ ಎಂದು. ಸಭೆಯ ಹಿರಿಯನ ಬಳಿ ಕನ್ನಡಕ ಇಲ್ಲ. “ನೀವೇ ಓದಿಬಿಡಿ” ಎಂದು ಚಾರ್ಲಿಯ ಕೈಗೇ ಕೊಡುತ್ತಾನೆ! ಅವನು ಇನ್ನೇನನ್ನೋ ಓದಿ, ಹರಿದು ಎಸೆಯುತ್ತಾನೆ. ಈ ಹಿರಿಯನೂ ಸಾಮಾನ್ಯದವನಲ್ಲ. ಅಮೆರಿಕದಲ್ಲಿ 1920ರಿಂದ 1933ರ ತನಕ ಪಾನನಿಷೇಧ ಕಾನೂನು ಇತ್ತು. ಆ ದಿನಗಳಲ್ಲೂ ಈ ಸಭಾ ಹಿರಿಯನ ಹಿಂದಿನ ಜೇಬಿನಲ್ಲಿ ಶೀಷೆಯೊಂದು ಭದ್ರವಾಗಿ ಕುಳಿತಿದೆ. ಅಂಗಿಯ ಮರೆಯಲ್ಲಿ ಇನ್ನೊಂದನ್ನು ಇಟ್ಟುಕೊಂಡವನು ಚಾರ್ಲಿ ಒಬ್ಬನೇ ಅಲ್ಲ ಎಂದು ಚಿತ್ರ ಮೆಲ್ಲಗೆ ಚಿವುಟುತ್ತದೆ.

ಪೀಠದ ಮುಂದೆ

ಆ ದಿನ ಭಾನುವಾರ. ನೇರ ಇಗರ್ಜಿಗೇ ಕರೆದೊಯ್ಯುತ್ತಾರೆ. ಗಾಯನ ವೃಂದದಲ್ಲಿ ಕುಳಿತವರನ್ನು ಚಾರ್ಲಿ ಒಂದೊಂದಾಗಿ ಎಣಿಸುತ್ತಾನೆ. ಹನ್ನೆರಡು! ಅವನಿಗೆ ನೆನಪಾಗುವುದು ನ್ಯಾಯಾಲಯದ ಹನ್ನೆರಡು ಮಂದಿಯ ಜ್ಯೂರಿ. ಬೈಬಲ್ ಕಂಡೊಡನೆ ಒಂದು ಕೈಯನ್ನು ಅದರ ಮೇಲಿಟ್ಟು ಇನ್ನೊಂದನ್ನು ಮೇಲೆತ್ತಿ ಪ್ರಮಾಣ ಮಾಡಲು ಸಿದ್ಧನಾಗುತ್ತಾನೆ. ಕಾಣಿಕೆಯ ಪೆಟ್ಟಿಗೆಗಳು ಬಂದಾಗ ಎರಡನ್ನೂ ಕೈಯಲ್ಲಿ ತೂಗಿ ನೋಡಿ, ಭಾರವಾದ ಕಡೆಯವರಿಗೆ ಮೆಚ್ಚುಗೆಯ ನೋಟ, ಹಗುರವಾದ ಕಡೆಯವರಿಗೆ ಗದರುವ ನೋಟ ಬೀರುತ್ತಾನೆ. (ನಮ್ಮ ಹಣಕಾಸು ಸಮಿತಿಯವರು ಈ ಭಾಗವನ್ನು ಎರಡು ಸಲ ನೋಡಿಯಾರು.)

ನಂತರ ಪ್ರಬೋಧನೆ. ಪಾಪ, ಅವನಿಗೆ ಗೊತ್ತಿರುವುದು ಒಂದೇ ಕಥೆ: ದಾವೀದ ಮತ್ತು ಗೊಲ್ಯಾತ. ಅದನ್ನು ಅವನು ಅಭಿನಯಿಸಿಯೇ ಹೇಳುತ್ತಾನೆ. ಕೈ ಮೇಲೆತ್ತಿ ಗೊಲ್ಯಾತನ ಎತ್ತರ ತೋರಿಸುತ್ತಾನೆ, ಮೀಸೆ ತಿರುವುತ್ತಾನೆ, ಮರುಕ್ಷಣ ಕುಗ್ಗಿ ಪುಟ್ಟ ದಾವೀದನಾಗುತ್ತಾನೆ, ಕವಣೆ ಬೀಸುತ್ತಾನೆ, ಬಿದ್ದ ದೈತ್ಯನ ತಲೆ ಕಡಿದು ಹಿಂದಕ್ಕೆ ಎಸೆಯುತ್ತಾನೆ. ಸಭೆ ಕಲ್ಲಿನಂತೆ ಕುಳಿತಿದೆ. ಒಬ್ಬ ಹುಡುಗ ಮಾತ್ರ ಕುಣಿದು ಚಪ್ಪಾಳೆ ತಟ್ಟುತ್ತಾನೆ. ಚಾರ್ಲಿ ನಾಟಕದ ನಟನಂತೆ ಮತ್ತೆ ಮತ್ತೆ ಬಂದು ತಲೆಬಾಗಿ ವಂದಿಸುತ್ತಾನೆ.

ಇಲ್ಲಿ ಒಂದು ಹಿನ್ನೆಲೆ ಹೇಳಬೇಕು. 1964ರಲ್ಲಿ ಪ್ರಕಟವಾದ ತಮ್ಮ ಆತ್ಮಕಥೆಯಲ್ಲಿ ಚಾಪ್ಲಿನ್, ತಾವು ಚಿಕ್ಕವರಿದ್ದಾಗ ಜ್ವರದಿಂದ ಚೇತರಿಸಿಕೊಳ್ಳುತ್ತಿದ್ದ ಒಂದು ಸಂಜೆಯನ್ನು ನೆನೆದಿದ್ದಾರೆ. ತಾಯಿ ಹ್ಯಾನ್ನಾ ಕಿಟಕಿಯ ಬಳಿ ಕುಳಿತು ಹೊಸ ಒಡಂಬಡಿಕೆಯನ್ನು ಓದುತ್ತ, ಅಭಿನಯಿಸಿ ತೋರಿಸುತ್ತ, ಬಡವರ ಮೇಲೆ ಮಕ್ಕಳ ಮೇಲೆ ಯೇಸುವಿಗಿದ್ದ ಕರುಣೆಯನ್ನು ಮಗನಿಗೆ ವಿವರಿಸಿದ್ದರಂತೆ. ಆ ತಾಯಿ ರಂಗನಟಿಯಾಗಿದ್ದವರು. ಬೈಬಲಿನ ಕಥೆಯನ್ನು ಮೈಕೈಯಿಂದ ಹೇಳಬಹುದೆಂದು ಆ ಮಗು ನೋಡಿದ್ದು ನೆಲಮಾಳಿಗೆಯ ಒಂದು ಬಡ ಕೋಣೆಯಲ್ಲಿ. ನಿಮ್ಮ ಮನೆಯ ಸಂಜೆಯ ಪ್ರಾರ್ಥನೆಯಲ್ಲಿ ಮಗುವಿಗೆ ಒಂದು ಬೈಬಲ್ ಕಥೆ ಹೇಳುವ ಅಮ್ಮಂದಿರೇ, ಅದು ಎಲ್ಲಿಗೆ ಮುಟ್ಟುತ್ತದೆಂದು ನಿಮಗೆ ತಿಳಿಯದು. ಹೇಳುತ್ತಲೇ ಇರಿ.

ದಾವೀದ ಬಿಚ್ಚಿಟ್ಟದ್ದು

ಚಾರ್ಲಿಯ ಪ್ರಬೋಧನೆಯಲ್ಲಿ ದಾವೀದನ ಕಥೆಯ ಒಂದು ಭಾಗ ಬಿಟ್ಟುಹೋಗಿದೆ. ಸಮುವೇಲನ ಮೊದಲನೆಯ ಗ್ರಂಥದ 17ನೆಯ ಅಧ್ಯಾಯ ತೆರೆದು ನೋಡಿ. ಕಾಳಗಕ್ಕೆ ಹೊರಟ ಹುಡುಗನಿಗೆ ಅರಸ ಸೌಲನು ತನ್ನದೇ ಕವಚ, ತನ್ನದೇ ಶಿರಸ್ತ್ರಾಣ ತೊಡಿಸುತ್ತಾನೆ. ದಾವೀದ ನಡೆಯಲು ನೋಡುತ್ತಾನೆ, ಆಗುವುದಿಲ್ಲ. ಅಭ್ಯಾಸವಿಲ್ಲದ ಆ ಉಡುಪನ್ನು ತೆಗೆದಿಟ್ಟು, ಕುರುಬನ ಕೋಲು ಮತ್ತು ಹೊಳೆಯ ಐದು ಕಲ್ಲುಗಳೊಂದಿಗೆ ಹೊರಡುತ್ತಾನೆ. ಬೇರೆಯವರ ಅಂಗಿ ಬೇಡವೆಂದವನ ಕಥೆಯನ್ನು ಬೇರೆಯವರ ಅಂಗಿ ತೊಟ್ಟವನು ಹೇಳುತ್ತಿದ್ದಾನೆ!

ಅದಕ್ಕೂ ಮೊದಲಿನ ಅಧ್ಯಾಯದಲ್ಲಿ, ಜೆಸ್ಸೆಯನ ಮನೆಯಲ್ಲಿ ಅರಸನನ್ನು ಆರಿಸಲು ಬಂದ ಪ್ರವಾದಿ ಸಮುವೇಲನೇ ಎತ್ತರದ ಹಿರಿಯ ಮಗನನ್ನು ನೋಡಿ ಇವನೇ ಎಂದುಕೊಳ್ಳುತ್ತಾನೆ. ಮನುಷ್ಯರು ಹೊರಗಿನ ತೋರಿಕೆ ನೋಡುತ್ತಾರೆ, ದೇವರು ಹೃದಯ ನೋಡುತ್ತಾರೆ ಎಂಬ ಪಾಠ ಅವನಿಗೆ ಸಿಗುವುದು ಅಲ್ಲೇ. ಪ್ರವಾದಿಯೇ ಗುರುತು ತಪ್ಪಿದ ಮೇಲೆ ಡೆವಿಲ್ಸ್ ಗಲ್ಚಿನ ಸಭೆ ಯಾವ ಲೆಕ್ಕ? ನಾವು ನೀವು ಯಾವ ಲೆಕ್ಕ?

ಚಿತ್ರ ಬಿಡುಗಡೆಯಾದಾಗ ಎಲ್ಲರೂ ನಗಲಿಲ್ಲ. ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದ ಸೆನ್ಸಾರ್ ಮಂಡಳಿ ಇದು ಧರ್ಮಬೋಧಕರನ್ನು ಗೇಲಿ ಮಾಡುತ್ತದೆಂದು ನಿಷೇಧಿಸಿತು. ಗುರುವಾಗಿ ನಾನು ಹೇಳುವುದಿಷ್ಟೆ: ಈ ಚಿತ್ರ ಪೂಜೆಯನ್ನಾಗಲಿ ದೇವರನ್ನಾಗಲಿ ಹಂಗಿಸುವುದಿಲ್ಲ. ಅಂಗಿಯನ್ನು ಕಂಡೊಡನೆ ಕಣ್ಣು ಮುಚ್ಚಿಬಿಡುವ ನಮ್ಮ ಸೋಮಾರಿತನವನ್ನು ಹಂಗಿಸುತ್ತದೆ. ಬೆಳ್ಳಗಿರುವುದೆಲ್ಲ ಹಾಲಲ್ಲ ಎಂಬ ಗಾದೆ ಬಿಳಿ ನಿಲುವಂಗಿಗೂ ಅನ್ವಯಿಸುತ್ತದೆ. ಆ ಅಂಗಿ ತೊಟ್ಟವನ ಮೇಲೆ ಪ್ರತಿದಿನವೂ ಒಂದು ಸಾಲ ಬೀಳುತ್ತದೆ. ಜನರು ಮುಂಗಡವಾಗಿ ಕೊಟ್ಟ ಆ ನಂಬಿಕೆಯ ಸಾಲವನ್ನು ಬದುಕಿ ತೀರಿಸಬೇಕು.

ಹೆಸರು ಗೊತ್ತಿದ್ದವನು, ಮನುಷ್ಯನನ್ನು ಅರಿಯದವನು

ಚಾರ್ಲಿಗೆ ಒಬ್ಬ ತಾಯಿ ಮತ್ತು ಮಗಳ ಮನೆಯಲ್ಲಿ ವಸತಿ. ಮಗಳ ಪಾತ್ರದಲ್ಲಿ ಎಡ್ನಾ ಪರ್ವಿಯನ್ಸ್. ಆ ಮನೆಗೆ ಒಂದು ದಂಪತಿ ತಮ್ಮ ತುಂಟ ಮಗನೊಂದಿಗೆ ಬರುತ್ತಾರೆ. ಆ ಹುಡುಗ ಪಾಸ್ಟರನ ಕೆನ್ನೆಗೆ ಬಾರಿಸುತ್ತಾನೆ. ಅವನ ಕಿತಾಪತಿಯಿಂದ ಅಪ್ಪನ ದುಂಡು ಟೊಪ್ಪಿ ಅಡುಗೆಮನೆಯಲ್ಲಿ ಪುಡ್ಡಿಂಗ್ ಇರಬೇಕಾದ ಜಾಗಕ್ಕೆ ಬರುತ್ತದೆ. ಚಾರ್ಲಿ ಅದರ ಮೇಲೆ ಕೆನೆ ಸುರಿದು ಚೆನ್ನಾಗಿ ಅಲಂಕರಿಸಿ ಮೇಜಿಗೆ ತರುತ್ತಾನೆ. ಎಷ್ಟು ಕೊಯ್ದರೂ ಚೂರಿ ಒಳಗೆ ಇಳಿಯುವುದಿಲ್ಲ! ಮೇಲೆ ಕೆನೆ, ಒಳಗೆ ಟೊಪ್ಪಿ: ಇಲ್ಲಿ ತಿಂಡಿಗೂ ಗುರುತು ತಪ್ಪಿದೆ. ಆ ತುಂಟ ಹುಡುಗನಾಗಿ ನಟಿಸಿದ ಡೀನ್ ರೀಸ್ನರ್ ಮುಂದೆ ಹಾಲಿವುಡ್ಡಿನ ಹೆಸರಾಂತ ಚಿತ್ರಕಥೆಗಾರರಾದರು. ಹುಡುಗನ ತಂದೆಯಾಗಿ ನಟಿಸಿದವರು ಚಾಪ್ಲಿನ್ನರ ಅಣ್ಣ ಸಿಡ್ನಿ. ಆಶ್ರಯಾಲಯದ ದಿನಗಳಲ್ಲಿ ಜೊತೆಗಿದ್ದ ಅದೇ ಅಣ್ಣ.

ಈಗ ಕಥೆ ತಿರುಗುತ್ತದೆ. ಚಾರ್ಲಿಯ ಜೊತೆ ಸೆರೆಮನೆಯಲ್ಲಿದ್ದ ಹಳೆಯ ಸಂಗಾತಿಯೊಬ್ಬ ಅವನನ್ನು ಗುರುತಿಸಿ ಅದೇ ಮನೆಗೆ ಬಂದು ಸೇರಿಕೊಳ್ಳುತ್ತಾನೆ. ಆ ಮನೆಯಲ್ಲಿ ಸಾಲ ತೀರಿಸಲೆಂದು ಹಣ ಇಟ್ಟಿದ್ದಾರೆ. ಸಂಗಾತಿಯ ಕಣ್ಣು ಅದರ ಮೇಲೆ. ಚಾರ್ಲಿ ಮೇಜಿನ ಸೆಳೆಖಾನೆಯ ಮುಂದೆ ಕಾವಲು ನಿಲ್ಲುತ್ತಾನೆ, ತಡೆಯುತ್ತಾನೆ, ಹೆಣಗುತ್ತಾನೆ. ಕೊನೆಗೆ ಕಳ್ಳ ಅವನನ್ನು ಹೊಡೆದು ಕೆಡವಿ ಹಣದೊಂದಿಗೆ ಪರಾರಿಯಾಗುತ್ತಾನೆ. ಚಾರ್ಲಿ ಬೆನ್ನಟ್ಟಿ ಹೋಗಿ, ಜೂಜುಕಟ್ಟೆಯಿಂದ ಆ ಹಣ ಬಿಡಿಸಿ ತಂದು ಎಡ್ನಾಳ ಕೈಗಿಡುತ್ತಾನೆ. ಅಷ್ಟರಲ್ಲಿ ಗೋಡೆಯ ಕಾಗದ ಊರಿಗೂ ತಲುಪಿದೆ. ಪಾಸ್ಟರ್ ಯಾರೆಂದು ಶೆರಿಫನಿಗೆ ತಿಳಿದುಹೋಗಿದೆ.

ಈಗ ಒಂದು ಪ್ರಶ್ನೆ ಕೇಳಿಕೊಳ್ಳೋಣ. ಈ ಕಥೆಯಲ್ಲಿ ನಿಜಕ್ಕೂ ಗುರುತು ತಪ್ಪಿದವರು ಯಾರು?

ಊರಿನವರಿಗೆ ಅವನ ಹೆಸರು ಗೊತ್ತಿರಲಿಲ್ಲ, ಕಸುಬು ಗೊತ್ತಿರಲಿಲ್ಲ. ಎಲ್ಲ ವಿವರದಲ್ಲೂ ಅವರು ಮೋಸಹೋದರು. ಆದರೆ ಇವನು ಒಳ್ಳೆಯವನು, ಮನೆಯಲ್ಲಿ ಇಟ್ಟುಕೊಳ್ಳಬಹುದು ಎಂದು ನಂಬಿದರಲ್ಲ, ಅದು ಸುಳ್ಳಾಗಲಿಲ್ಲ. ಹಳೆಯ ಸಂಗಾತಿಗೆ ಅವನ ನಿಜವಾದ ಹೆಸರು, ಹಿಂದಿನ ಅಪರಾಧ ಎಲ್ಲವೂ ಗೊತ್ತಿತ್ತು. ಕಾಗದದ ಮೇಲಿನ ವಿವರದಲ್ಲಿ ಅವನಿಗೆ ಒಂದಕ್ಷರವೂ ತಪ್ಪಲಿಲ್ಲ. ಆದರೆ ಇವನು ಎಂದೆಂದಿಗೂ ಕಳ್ಳನೇ, ನನ್ನ ಜೊತೆ ಬಂದೇ ಬರುತ್ತಾನೆ ಎಂದುಕೊಂಡದ್ದು ಪೂರಾ ತಪ್ಪಾಯಿತು. ಹೆಸರು ತಪ್ಪಿದವರಿಗೆ ಮನುಷ್ಯ ಸಿಕ್ಕಿದ. ಹೆಸರು ಸರಿಯಾಗಿ ಹೇಳಿದವನಿಗೆ ಮನುಷ್ಯ ಸಿಗಲಿಲ್ಲ.

ನಮ್ಮ ಗೋಡೆಯ ಕಾಗದಗಳು

ಪ್ರಿಯ ಕುಟುಂಬದವರೇ, ನಾವೂ ಗೋಡೆಗೆ ಕಾಗದ ಅಂಟಿಸುತ್ತೇವೆ. ಅಂಟು ಮಾತ್ರ ಬೇರೆ, ಬಾಯಿಯ ಮಾತಿನದು. “ಅವನಾ? ಒಳಗೆ ಹೋಗಿ ಬಂದವನು.” “ಅವಳಾ? ಕುಡುಕನ ಮಗಳು.” “ಆ ಮನೆಯ ಸಂಬಂಧ ಬೇಡ.” ಒಂದು ಸಲ ಅಂಟಿಸಿದ ಕಾಗದ ಮಳೆಗೆ ನೆನೆಯುವುದಿಲ್ಲ, ಬಿಸಿಲಿಗೆ ಮಾಸುವುದಿಲ್ಲ. ಹುಟ್ಟುಗುಣ ಸುಟ್ಟರೂ ಹೋಗದು ಎಂಬ ಗಾದೆಯನ್ನು ಅದರ ಮೇಲೆ ಮೊಳೆಯಂತೆ ಹೊಡೆದುಬಿಡುತ್ತೇವೆ. ಜೈಲಿಗೆ ಹೋದವನ ಹೆಂಡತಿ ಪೂಜೆ ಶುರುವಾದ ಮೇಲೆ ಬಂದು, ಕೊನೆಯ ಬೆಂಚಿನ ತುದಿಯಲ್ಲಿ ಕುಳಿತು, ಅಂತಿಮ ಆಶೀರ್ವಾದಕ್ಕೆ ಮೊದಲೇ ಎದ್ದು ಹೋಗುವುದನ್ನು ಯಾವ ಗುರು ನೋಡಿಲ್ಲ? ಅವಳು ಮಾಡಿದ ತಪ್ಪೇನು? ಧರ್ಮೋಪದೇಶದ ತರಗತಿಯಲ್ಲಿ ಆ ಮಗು ಒಂಟಿಯಾಗಿ ಕೂರುವಂತೆ ಮಾಡಿದವರು ಯಾರು?

ಇನ್ನೊಂದು ವಿಷಯ ತಿಳಿದಿರಲಿ. ನಮ್ಮ ದೇಶದ ಸೆರೆಮನೆಗಳಲ್ಲಿ ಇರುವವರಲ್ಲಿ ನಾಲ್ವರಲ್ಲಿ ಸುಮಾರು ಮೂವರು ವಿಚಾರಣಾಧೀನ ಕೈದಿಗಳು ಎಂದು 2022ರ ಸರಕಾರಿ ಅಂಕಿಅಂಶ ಹೇಳುತ್ತದೆ. ಅಂದರೆ ಅವರ ಅಪರಾಧ ಇನ್ನೂ ಸಾಬೀತಾಗಿಲ್ಲ. ನ್ಯಾಯಾಲಯ ಇನ್ನೂ ಹೇಳದ ತೀರ್ಪನ್ನು ನಾವು ಇಗರ್ಜಿಯ ಮೆಟ್ಟಿಲ ಮೇಲೆ ನಿಂತು ಹೇಳಿ ಮುಗಿಸಿರುತ್ತೇವೆ.

ಸಂತ ಪೌಲರು ಫಿಲೆಮೋನನಿಗೆ ಬರೆದ ಪತ್ರ ಬೈಬಲಿನ ಅತಿ ಚಿಕ್ಕ ಗ್ರಂಥಗಳಲ್ಲಿ ಒಂದು; ಒಂದೇ ಅಧ್ಯಾಯ, 25 ವಾಕ್ಯ. ಯಜಮಾನನನ್ನು ಬಿಟ್ಟುಹೋದ ಒನೇಸಿಮನೆಂಬ ಗುಲಾಮನನ್ನು ಪೌಲರು ಹಿಂದಕ್ಕೆ ಕಳುಹಿಸುತ್ತಾರೆ. ಕಳುಹಿಸುವಾಗ, ಇವನನ್ನು ಗುಲಾಮನೆಂದು ಕಾಣದೆ ಪ್ರಿಯ ಸಹೋದರನೆಂದು ಕಾಣು, ನನ್ನನ್ನು ಹೇಗೆ ಸ್ವಾಗತಿಸುತ್ತೀಯೋ ಹಾಗೆ ಇವನನ್ನು ಸ್ವಾಗತಿಸು ಎಂದು ಕೇಳಿಕೊಳ್ಳುತ್ತಾರೆ. ಅವನಿಂದ ನಷ್ಟವಾಗಿದ್ದರೆ ಅದನ್ನು ತಮ್ಮ ಲೆಕ್ಕಕ್ಕೆ ಬರೆದುಕೊಳ್ಳಲು ಹೇಳುತ್ತಾರೆ. ಹಳೆಯ ಕಾಗದ ಕಿತ್ತು ಹೊಸ ಗುರುತು ಕೊಡುವ ಕೆಲಸ ಇದು. ಹಾಗೆ ಕೊಡುವವನಿಗೆ ಖರ್ಚೂ ಬರುತ್ತದೆ ಎಂಬುದನ್ನು ಪೌಲರು ಮುಚ್ಚಿಡುವುದಿಲ್ಲ.

2024ರ ಡಿಸೆಂಬರ್ 26ರಂದು ಪೋಪ್ ಫ್ರಾನ್ಸಿಸ್ ರೋಮಿನ ರೆಬಿಬ್ಬಿಯಾ ಸೆರೆಮನೆಗೆ ಹೋಗಿ ಅಲ್ಲಿ ಜ್ಯುಬಿಲಿಯ ಪವಿತ್ರ ದ್ವಾರವನ್ನು ತೆರೆದರು. 2025ರ ಆ ಜ್ಯುಬಿಲಿ ವರ್ಷದ ಧ್ಯೇಯ ‘ಭರವಸೆಯ ಯಾತ್ರಿಕರು’ ಎಂದಾಗಿತ್ತು. ಕೈದಿಯನ್ನೂ ಯಾತ್ರಿಕ ಎಂದು ಕರೆಯಬಹುದೆಂದು ಪೋಪ್ ತೋರಿಸಿಕೊಟ್ಟರು. ಒಂದು ಶತಮಾನದ ಹಿಂದೆ ಚಾಪ್ಲಿನ್ ತಮ್ಮ ನಗುವಿನ ಚಿತ್ರಕ್ಕೆ ಇಟ್ಟ ಹೆಸರೂ ಅದೇ.

ಹೂ ಕೀಳಲು ಹೇಳಿದ ಶೆರಿಫ್

ಚಿತ್ರದ ಕೊನೆಗೆ ಬರೋಣ. ಶೆರಿಫ್ ಚಾರ್ಲಿಯನ್ನು ಬಂಧಿಸಿ ಮೆಕ್ಸಿಕೋ ದೇಶದ ಗಡಿಯ ತನಕ ಕರೆದೊಯ್ಯುತ್ತಾನೆ. ಕಳ್ಳನಿಂದ ಹಣ ಬಿಡಿಸಿ ತಂದವನು ಇವನೇ ಎಂದು ಅವನಿಗೆ ಗೊತ್ತು. ಗೋಡೆಯ ಕಾಗದವನ್ನೂ ನೋಡಿದ್ದಾನೆ, ಎದುರಿಗಿರುವ ಮನುಷ್ಯನನ್ನೂ ನೋಡಿದ್ದಾನೆ. ಎರಡನ್ನೂ ನೋಡಿದವನು ಇಡೀ ಚಿತ್ರದಲ್ಲಿ ಅವನೊಬ್ಬನೇ. “ಓಡಿಹೋಗು” ಎಂದು ಬಾಯಿಬಿಟ್ಟು ಹೇಳಲು ಬಿಲ್ಲೆ ಬಿಡದು. ಆದ್ದರಿಂದ ಗಡಿಯ ಆಚೆ ಬೆಳೆದ ಹೂಗಳನ್ನು ತೋರಿಸಿ, ಹೋಗಿ ಕಿತ್ತು ತಾ ಎನ್ನುತ್ತಾನೆ.

ಚಾರ್ಲಿಗೆ ಅರ್ಥವಾಗುವುದಿಲ್ಲ. ವಿಧೇಯ ಶಾಲಾಹುಡುಗನಂತೆ ಹೋಗಿ ಹೂ ಕಿತ್ತು, ಹೊರಟುಹೋಗುತ್ತಿರುವ ಶೆರಿಫನ ಹಿಂದೆಯೇ ಓಡಿ ಬರುತ್ತಾನೆ! ಕೊನೆಗೆ ಶೆರಿಫ್ ಅವನನ್ನು ಗಡಿಗೆ ಮರಳಿ ತಂದು, ಹಿಂಭಾಗಕ್ಕೆ ಒಂದು ಒದೆ ಕೊಟ್ಟು ಆಚೆ ದಾಟಿಸಬೇಕಾಗುತ್ತದೆ. ಕರುಣೆಯನ್ನು ಒದ್ದು ಕೊಡಬೇಕಾದ ಪರಿಸ್ಥಿತಿ!

ಪಾಪನಿವೇದನೆಯ ಪೀಠದಲ್ಲಿ ಕುಳಿತ ಗುರುಗಳಿಗೆ ಈ ದೃಶ್ಯ ಹೊಸದಲ್ಲ. ಕ್ಷಮೆ ಸಿಕ್ಕಿತು, ಹೋಗು ಎಂದರೂ ನಂಬದೆ, ಹತ್ತು ವರ್ಷದ ಹಿಂದಿನ ಅದೇ ಪಾಪವನ್ನು ಹೂಗುಚ್ಛದಂತೆ ಹಿಡಿದು ಮತ್ತೆ ಮತ್ತೆ ಬರುವವರು ಇದ್ದಾರೆ. ಕೋಳಕ್ಕೆ ಕೈ ಚಾಚಿ ಚಾಚಿ ಅಭ್ಯಾಸವಾದವರಿಗೆ ಬಿಡುಗಡೆಯನ್ನು ನಂಬುವುದೇ ಕಷ್ಟದ ಕೆಲಸ. ಅಂಥವರಿಗೆ ಒಂದು ಸಲ ಹೇಳಿದರೆ ಸಾಲದು, ಶೆರಿಫನಷ್ಟು ತಾಳ್ಮೆ ಬೇಕು.

ಗಡಿ ದಾಟಿದ ಮೇಲೆ ಸುಖವೇ? ಇಲ್ಲ. ಮೆಕ್ಸಿಕೋದ ನೆಲದಲ್ಲಿ ಸ್ವಾತಂತ್ರ್ಯದ ಉಸಿರು ಎಳೆಯುವಷ್ಟರಲ್ಲಿ ಪೊದೆಗಳಿಂದ ದರೋಡೆಕೋರರು ಎದ್ದು ಗುಂಡು ಹಾರಿಸುತ್ತಾರೆ. ಈಚೆ ಬಂದರೆ ಸೆರೆಮನೆ, ಆಚೆ ಹೋದರೆ ಗುಂಡು. ಚಾರ್ಲಿ ಒಂದು ಕಾಲು ಅಮೆರಿಕದಲ್ಲಿ, ಒಂದು ಕಾಲು ಮೆಕ್ಸಿಕೋದಲ್ಲಿ ಇಟ್ಟು, ಗಡಿಗೆರೆಯ ಉದ್ದಕ್ಕೂ ಕುಪ್ಪಳಿಸುತ್ತ ದೂರ ದೂರ ಹೋಗುತ್ತಾನೆ. ಚಿತ್ರ ಅಲ್ಲಿಗೆ ಮುಗಿಯುತ್ತದೆ.

ಕಾಸರಗೋಡಿನ ಕಡೆಯ ನಮಗೆ ಈ ಕೊನೆಯ ನಡಿಗೆಯನ್ನು ಯಾರೂ ವಿವರಿಸಬೇಕಾಗಿಲ್ಲ. 1956ರ ನವೆಂಬರ್ 1ರಿಂದ ನಮ್ಮ ಮನೆ ಒಂದು ರಾಜ್ಯದಲ್ಲಿ, ಮಾತು ಇನ್ನೊಂದು ರಾಜ್ಯದ್ದು. ಇತ್ತ ಹೋದರೆ “ನೀವು ಕೇರಳದವರು”, ಅತ್ತ ಹೋದರೆ “ನೀವು ಕನ್ನಡದವರು”. 2020ರಲ್ಲಿ ಕೊರೊನಾ ಬಂದು ತಲಪಾಡಿಯಲ್ಲಿ ಗಡಿ ಮುಚ್ಚಿದಾಗ ಮಂಗಳೂರಿನ ಆಸ್ಪತ್ರೆಯನ್ನೇ ನಂಬಿದ್ದ ಎಷ್ಟೋ ಮನೆಯವರು ಒಂದು ಗೆರೆಯ ಭಾರ ಎಷ್ಟೆಂದು ಅರಿತರು. ಗುರುತಿನ ಕಾಗದ ನೋಡಿ ಮನುಷ್ಯನನ್ನು ಅಳೆದಾಗ ಎಷ್ಟು ನೋಯುತ್ತದೆ ಎಂದು ನಮಗೆ ಗೊತ್ತಿದೆ. ಗೊತ್ತಿರುವ ನಾವೇ ನಮ್ಮ ನಡುವಿನವರನ್ನು ಅದೇ ಅಳತೆಯಿಂದ ಅಳೆಯಬಾರದು.

ಮನೆಯವರೆಲ್ಲ ಕೂಡಿ

1959ರಲ್ಲಿ ಚಾಪ್ಲಿನ್ ಈ ಚಿತ್ರಕ್ಕೆ ತಾವೇ ಸಂಗೀತ ಹೊಂದಿಸಿ, ಇನ್ನೆರಡು ಹಳೆಯ ಚಿತ್ರಗಳೊಂದಿಗೆ ‘ದಿ ಚಾಪ್ಲಿನ್ ರೆವ್ಯೂ’ ಎಂಬ ಹೆಸರಿನಲ್ಲಿ ಮತ್ತೆ ಬಿಡುಗಡೆ ಮಾಡಿದರು. 1977ರ ಕ್ರಿಸ್ಮಸ್ ದಿನ ಅವರು ತೀರಿಕೊಂಡರು. ರಜೆಯ ಒಂದು ಸಂಜೆ ಜಪಮಾಲೆ ಮುಗಿದ ಮೇಲೆ ಮಕ್ಕಳು, ಅಜ್ಜ ಅಜ್ಜಿ ಎಲ್ಲರೂ ಕುಳಿತು ‘ಯಾತ್ರಿಕ’ನನ್ನು ನೋಡಿ. ಮಾತೇ ಇಲ್ಲದ ಚಿತ್ರ. ನಡುನಡುವೆ ಬರುವ ಇಂಗ್ಲಿಷ್ ಬರಹವನ್ನು ದೊಡ್ಡವರು ಓದಿ ಹೇಳಿದರಾಯಿತು. ಮನಸಾರೆ ನಗಿ.

ನಕ್ಕು ಮುಗಿದ ಮೇಲೆ ಮಕ್ಕಳನ್ನು ಎರಡು ಪ್ರಶ್ನೆ ಕೇಳಿ. ಚಾರ್ಲಿ ಕೈ ಚಾಚಿದಾಗ ಶೆರಿಫ್ ಕೈ ಕುಲುಕದೆ ಕೋಳವನ್ನೇ ಹಾಕಿದ್ದರೆ ಆ ತಾಯಿ ಮಗಳ ಹಣ ಏನಾಗುತ್ತಿತ್ತು? ನಮ್ಮ ಶಾಲೆಯಲ್ಲಿ, ನಮ್ಮ ವಾರ್ಡಿನಲ್ಲಿ, ನಾವು ಅಡ್ಡಹೆಸರಿನಿಂದ ಮಾತ್ರ ಬಲ್ಲವರು ಯಾರು?

ಉತ್ತರ ಸಿಕ್ಕಿದರೆ ಬರುವ ಭಾನುವಾರ ಒಂದು ಕೆಲಸ ಮಾಡಿ. ಪೂಜೆಗೆ ಹತ್ತು ನಿಮಿಷ ಬೇಗ ಬಂದು, ನಿಮ್ಮ ಮಾಮೂಲಿ ಬೆಂಚು ಬಿಟ್ಟು, ಕೊನೆಯ ಬೆಂಚಿನಲ್ಲಿ ಸ್ವಲ್ಪ ಜಾಗ ಉಳಿಸಿಕೊಂಡು ಕುಳಿತಿರಿ. ತಡವಾಗಿ ಬರುವವರು ಬಂದೇ ಬರುತ್ತಾರೆ. ಶಾಂತಿಯ ವಂದನೆ ವಿನಿಮಯ ಮಾಡುವ ಹೊತ್ತಿಗೆ ಅವರ ಕಡೆ ತಿರುಗಿ ಕೈ ಜೋಡಿಸಿ, ಅವರ ಹೆಸರು ಹಿಡಿದು ಮಾತನಾಡಿಸಿ.